ಕೆಂಚಿಗೆ ನೀರೆರೆದ ದಿನ

ಶಿವನಿ ಸ್ಟೇಷನ್ನಿನಲ್ಲಿ ರೈಲಿಳಿದು ಅಜ್ಜಂಪುರದ ಕಡೆ ಬರುವ ದಾರಿಯ ಒಂದು ಹಳ್ಳಿಯಲ್ಲಿ, ಪಶು ಚಿಕಿತ್ಸಾಲಯದ ಕಾಂಪೌಂಡರ್ ಆಗಿದ್ದೆ ನಾನು. ಎಪ್ಪತ್ತರ ದಶಕ ಮುಗಿಯುತ್ತಿದ್ದ ಕಾಲ. ಎತ್ತು, ಎಮ್ಮೆ, ಕುರಿಗಳಲ್ಲೇ ನಮ್ಮ ದಿನ ಮುಗಿದುಹೋಗುತ್ತಿತ್ತು. ಬೆಕ್ಕನ್ನು ಯಾರಾದರೂ ಆಸ್ಪತ್ರೆಗೆ ತಂದಿದ್ದರೆ ಊರೆಲ್ಲ ನಗುತ್ತಿತ್ತು. ಅಂಥದರಲ್ಲಿ ಒಂದು ಬೆಕ್ಕು ಬಂತು. ಬಂದದ್ದು ನಾನು ಕೈಯಾರೆ ಮಾಡಿದ ತಪ್ಪಿನಿಂದ. ಇದನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು, ಆಮೇಲೆ ಹೇಳುವಾಗ ನಾಲಿಗೆ ತಡವರಿಸುತ್ತದೆ.

ಆಗ ನಮ್ಮ ಮೊದಲ ಮಗು ಹುಟ್ಟಿ ಇಪ್ಪತ್ತೈದು ದಿನ. ಹೆಂಡತಿಯ ತವರು ಸಖರಾಯಪಟ್ಟಣ. ಅಲ್ಲಿ ಮನೆ ಕೆಡವಿ ಕಟ್ಟುತ್ತಿದ್ದರೆಂದು ಅತ್ತೆಯೇ ಬಾಣಂತನಕ್ಕೆ ನಮ್ಮಲ್ಲಿಗೆ ಬಂದಿದ್ದರು. ಮಗುವಿಗೆ ಎಣ್ಣೆ ಹಚ್ಚಿ ನೀರೆರೆಯಲು ದಿನಾ ಬೆಳಿಗ್ಗೆ ಒಬ್ಬ ಹೆಂಗಸು ಬರುತ್ತಿದ್ದರು. ಐವತ್ತು ದಾಟಿದ ವಿಧವೆ. ಊರಿನಲ್ಲಿ ಹುಟ್ಟಿದ ಕೂಸುಗಳನ್ನೆಲ್ಲ ಕಾಲ ಮೇಲೆ ಮಲಗಿಸಿಕೊಂಡು ಎರೆದವರು ಅವರೇ. ಎಲ್ಲರಿಗೂ ಅವರು ದೊಡ್ಡಮ್ಮ. ನಮ್ಮ ಹಿಂದಿನ ಬೀದಿಯಲ್ಲಿ ಒಂದು ಕೋಣೆ, ಒಂದು ಬಚ್ಚಲಿನ ಮನೆ. ಆ ಮನೆಯಲ್ಲಿ ಅವರೂ ಕೆಂಚಿಯೂ ಇಬ್ಬರೇ. ಕೆಂಚಿ ಎಂದರೆ ಕೆಂದುಬಣ್ಣದ, ಮೈಗಂಟಿದ ಗಿಡ್ಡ ಕೂದಲಿನ ನಾಡಬೆಕ್ಕು.

ಒಂದು ದಿನ ಮಗುವನ್ನು ಸುತ್ತಿದ ಬಟ್ಟೆಯ ಮೇಲೆ ಅತ್ತೆಗೆ ಒಂದು ಚಿಗಟ ಸಿಕ್ಕಿತು. ಒಂದೇ ಒಂದು. ಅದನ್ನು ಉಗುರಲ್ಲಿ ಕುಕ್ಕಿ, ದೊಡ್ಡಮ್ಮನ ಮುಂದೆಯೇ ಹೇಳಿಬಿಟ್ಟರು:

“ನೋಡಿ, ನಿಮ್ ಸೀರೆಯಿಂದ್ಲೇ ಬಂದಿದ್ದು ಇದು. ಬೆಕ್ಕನ್ನ ಪಕ್ಕದಲ್ಲಿ ಮಲಗಿಸ್ಕೊಂಡು ಎದ್ದು ಬಂದು ಹಸುಗೂಸು ಮುಟ್ತೀರಲ್ಲ! ಒಂದೋ ಆ ಬೆಕ್ಕನ್ನ ಎಲ್ಲಾದ್ರೂ ಬಿಟ್ಟು ಬನ್ನಿ, ಇಲ್ಲಾ ನಾಳೆಯಿಂದ ಬರಬೇಡಿ.”

ಎಂಥ ಮಾತಿಗೂ ಎದುರು ಮಾತು ಇಟ್ಟೇ ತೀರುತ್ತಿದ್ದ ದೊಡ್ಡಮ್ಮ ಅವತ್ತು ಬಾಯಿ ಬಿಡಲಿಲ್ಲ. ಹಿತ್ತಲ ಬಾಗಿಲಲ್ಲಿ ನಿಂತು ಸೆರಗು ಕೊಡವಿಕೊಂಡು ಹೊರಟರು. ನನಗೆ ಕೆಡುಕೆನಿಸಿತು. ಕೆಡುಕೆನಿಸಿದ್ದಷ್ಟೇ ಆಗಿದ್ದರೆ ಚೆನ್ನಾಗಿತ್ತು, ನನ್ನ ದೊಡ್ಡಸ್ತಿಕೆಯೂ ಜೊತೆಗೆ ಎದ್ದು ಕೂತಿತು. ಸಂಜೆ ಆಸ್ಪತ್ರೆಯಿಂದ ಉಣ್ಣಿ ಪುಡಿ ಕಟ್ಟಿಕೊಂಡು ಅವರ ಮನೆಗೆ ಹೋದೆ. ದನದ ಮೈಯ ಉಣ್ಣಿ ಉದುರಿಸಲು ನಾವು ಕೊಡುತ್ತಿದ್ದ ಬಿ.ಎಚ್.ಸಿ. ಪುಡಿ ಅದು, ಹಳೇ ಪೇಪರಿನ ಪೊಟ್ಟಣದಲ್ಲಿ.

“ದೊಡ್ಡಮ್ಮ, ಬೆಕ್ಕನ್ನ ಬಿಡೋದೇನೂ ಬೇಡ. ಇದನ್ನ ಮೈಗೆಲ್ಲ ಹಚ್ಚಿ. ಒಂದು ಚಿಗಟಾನೂ ಉಳಿಯಲ್ಲ.”

“ಬೆಕ್ಕಿಗೆ ಆಗ್ತೈತೇನ್ರೀ ಕಾಂಪೌಂಡ್ರೇ?”

“ಎತ್ತಿಗೇ ಏನೂ ಆಗಲ್ಲ, ಬೆಕ್ಕಿಗೇನಾಗುತ್ತೆ?”

ಹಾಗಂದೆ. ಬುದ್ಧಿ ಇದ್ದವನು ಆಡುವ ಮಾತೇ ಅದು? ಎತ್ತು ಮೈಯನ್ನೆಲ್ಲ ನೆಕ್ಕಿಕೊಳ್ಳುವುದಿಲ್ಲ, ಬೆಕ್ಕು ದಿನವಿಡೀ ಮಾಡುವ ಕೆಲಸವೇ ಅದು. ಇಷ್ಟು ಹೊಳೆಯಲಿಲ್ಲ ನನಗೆ.

ಮಾರನೆಯ ಬೆಳಿಗ್ಗೆ ಮಗುವಿಗೆ ಎರೆಯಲು ದೊಡ್ಡಮ್ಮ ಬರಲಿಲ್ಲ. ಕೋಪ ಇರಬೇಕೆಂದುಕೊಂಡು ನಾನು ಎಂಟೂವರೆಗೆ ಹೋಗಿ ಆಸ್ಪತ್ರೆಯ ಬೀಗ ತೆಗೆಯುತ್ತಿದ್ದೆ. ಅವರು ಸೆರಗಿನ ಮಡಿಲಲ್ಲಿ ಕೆಂಚಿಯನ್ನು ಇಟ್ಟುಕೊಂಡು ಮೆಟ್ಟಿಲ ಮೇಲೆ ಕೂತಿದ್ದರು.

ಬೆಕ್ಕಿನ ಬಾಯಲ್ಲಿ ಜೊಲ್ಲು ಸುರಿಯುತ್ತಿತ್ತು. ಕಿವಿ ಪಟಪಟ ಅದುರುತ್ತಿತ್ತು. ಬೀಗದ ಚಿಲಕ ಟಣ್ ಎಂದ ಕೂಡಲೇ ಅದರ ಇಡೀ ಮೈ ಒಮ್ಮೆ ಕುಪ್ಪಳಿಸಿ ನಡುಗಿತು. ಹತ್ತಿರ ಹೋದರೆ ಪುಡಿಯ ಕಮಟು ವಾಸನೆಯ ಜೊತೆಗೆ ಇನ್ನೊಂದು ವಾಸನೆ.

“ಇದಕ್ಕೆ ಏನು ಹಚ್ಚಿದ್ರಿ?”

“ನೀವು ಕೊಟ್ಟಿದ್ದೇ ಕಣ್ರೀ. ಗಿಡ್ಡ ಕೂದ್ಲು, ಒಣ ಪುಡಿ ನಿಲ್ಲಾಕಿಲ್ಲ, ಉದುರಿ ಹೋಗ್ತೈತೆ. ಅದ್ಕೇ ಹರಳೆಣ್ಣೇಲಿ ಕಲಸಿ ಹಚ್ಚಿದೆ. ಚೆನ್ನಾಗಿ ತಿಕ್ಕಿ ಹಚ್ಚಿದೀನಿ, ಕೂಸಿಗೆ ಹಚ್ಚೋ ಹಂಗೆ.”

ಹಿಂದಿನ ವರ್ಷ ಒಂದು ಕರುವಿಗೆ ಯಾರೋ ಹೀಗೇ ಪುಡಿಯನ್ನು ಎಣ್ಣೆಯಲ್ಲಿ ಕಲಸಿ ಬಳಿದಿದ್ದರು. ಆಗ ನಮ್ಮ ಡಾಕ್ಟರು ಕೂಗಾಡಿದ್ದು ನೆನಪಿತ್ತು: ಈ ಪುಡಿ ನೀರಲ್ಲಿ ಕರಗುವುದಿಲ್ಲ, ಎಣ್ಣೆಯಲ್ಲಿ ಕರಗುತ್ತದೆ, ಎಣ್ಣೆ ಸೇರಿದರೆ ಚರ್ಮದೊಳಕ್ಕೆ ಸೀದಾ ಇಳಿಯುತ್ತದೆ, ಹಾಲು ತುಪ್ಪ ಏನೂ ಕುಡಿಸಬೇಡಿ. ಆ ಕರು ಉಳಿಯಲಿಲ್ಲ. ಈಗ ಡಾಕ್ಟರು ಕೆಮ್ಮಣ್ಣುಗುಂಡಿ ತಪ್ಪಲಿನ ಹಳ್ಳಿಗಳಲ್ಲಿ ದನಗಳಿಗೆ ಚುಚ್ಚುಮದ್ದು ಹಾಕುತ್ತಿದ್ದರು. ವಾಪಸು ಬರುವುದು ಸಂಜೆಯ ಬಸ್ಸಿಗೆ. ಅವರಿಲ್ಲದೆ ಸೂಜಿ ಹಿಡಿಯುವ ಅಧಿಕಾರ ನನಗಿರಲಿಲ್ಲ, ಬೆಕ್ಕಿಗೆ ಎಷ್ಟು ಕೊಡಬೇಕೆಂಬ ತಿಳಿವಳಿಕೆಯೂ ಇರಲಿಲ್ಲ. ನನಗೆ ಉಳಿದದ್ದು ಒಂದೇ ಕೆಲಸ, ಮೈಮೇಲಿದ್ದುದನ್ನು ತೊಳೆದು ತೆಗೆಯುವುದು.

“ಬದುಕ್ತೈತೇನ್ರೀ?” ಎಂದರು ದೊಡ್ಡಮ್ಮ.

“ತೊಳೆಯೋಣ, ಕೊಡಿ ಇಲ್ಲಿ” ಎಂದೆ.

ನನಗೆ ಗೊತ್ತಿದ್ದದ್ದು ಎತ್ತು ತೊಳೆಯುವ ವಿದ್ಯೆ. ಎತ್ತನ್ನು ಮರದ ಚೌಕಟ್ಟಿಗೆ ಕಟ್ಟಿ, ಬಕೆಟ್ಟು ಬಕೆಟ್ಟು ನೀರು ಸುರಿದು, ಬ್ರಷ್ಷಿನಲ್ಲಿ ಉಜ್ಜುವುದು. ಬೆಕ್ಕಿಗೂ ಅದನ್ನೇ ಚಿಕ್ಕದು ಮಾಡಿದರಾಯಿತು ಎಂದುಕೊಂಡೆ. ಗೋಣಿಚೀಲದಲ್ಲಿ ಅದನ್ನು ಕುತ್ತಿಗೆವರೆಗೆ ಇಳಿಸಿ, ಚೀಲದ ಬಾಯಿ ಹಿಡಿದು, ಆಸ್ಪತ್ರೆಯ ಹಿಂದಿನ ಸಿಮೆಂಟು ತೊಟ್ಟಿಯಲ್ಲಿ ನಿಲ್ಲಿಸಿದೆ. ಕೈ ತೊಳೆಯುವ ಕಾರ್ಬಾಲಿಕ್ ಸೋಪು ಪಕ್ಕದಲ್ಲಿಟ್ಟುಕೊಂಡೆ. ನಲ್ಲಿ ತಿರುಗಿಸಿದೆ.

ನಲ್ಲಿ ಮೊದಲು ಗೊರಗೊರ ಎಂದು ಗಾಳಿ ಉಗುಳಿ, ಆಮೇಲೆ ತಗಡಿನ ಬಕೆಟ್ಟಿನ ಮೇಲೆ ದಡದಡ ಸುರಿಯಿತು. ಅಷ್ಟೇ. ಚೀಲದೊಳಗಿಂದ ಅದೆಲ್ಲಿಂದ ಬಂತೋ ಆ ಶಕ್ತಿ, ನನ್ನ ಮೊಣಕೈಯಿಂದ ಮಣಿಕಟ್ಟಿನವರೆಗೆ ನಾಲ್ಕು ಗೆರೆ ಎಳೆದು ಕೆಂಚಿ ಹಾರಿತು. ಆಸ್ಪತ್ರೆಯ ಒಳಕ್ಕೋಡಿ ಔಷಧಿ ಬೀರುವಿನ ಅಡಿಗೆ ನುಗ್ಗಿ, ಅಲ್ಲಿ ಮಗ್ಗುಲಾಗಿ ಬಿದ್ದು ಕಾಲು ಬಡಿಯತೊಡಗಿತು. ನಾನು ರಕ್ತ ಸುರಿಸುತ್ತಾ ಕಸಬರಿಕೆ ಹುಡುಕುತ್ತಿದ್ದೆ, ಅದನ್ನು ಹೊರಕ್ಕೆ ದಬ್ಬಲು.

“ಬಿಡ್ರೀ ಅದನ್ನ!” ದೊಡ್ಡಮ್ಮ ಕಸಬರಿಕೆ ಕಿತ್ತುಕೊಂಡರು. “ಸಾಯೋ ಜೀವಾನ ಕೋಲು ತಗಂಡು ತಿವೀತಾರೇನ್ರೀ? ಸರಕಾರದೋರು ನಿಮ್ಗೆ ಇದನ್ನೇ ಕಲಿಸಿದ್ರಾ?”

ಅವರು ನೆಲಕ್ಕೆ ಹೊಟ್ಟೆಕೊಟ್ಟು ಮಲಗಿ, ಬೀರುವಿನಡಿ ಕೈ ಚಾಚಿ, ಏನೂ ಮಾಡದೆ ಸುಮ್ಮನೆ ಕೈ ಅಲ್ಲೇ ಇಟ್ಟರು. ಕಾಲು ಬಡಿಯುವುದು ನಿಂತ ಮೇಲೆ ಕುತ್ತಿಗೆಯ ಸಡಿಲ ಚರ್ಮ ಹಿಡಿದು ಮೆಲ್ಲಗೆ ಎಳೆದುಕೊಂಡರು. ಸೆರಗಿನಲ್ಲಿ ಮುಖ ಮುಚ್ಚಿದರು. ಕತ್ತಲಾದದ್ದಕ್ಕೋ ಏನೋ, ನಡುಕ ಸ್ವಲ್ಪ ಇಳಿಯಿತು.

“ಮನೆಗೆ ಹೋಗ್ತೀನಿ. ಸಾಯೋದಾದ್ರೆ ಅಲ್ಲೇ ಸಾಯ್ಲಿ. ನಂದೇ ಕೈ ತಪ್ಪು, ಎಣ್ಣೆ ಕಲಸಿದ್ದು ನಾನು” ಎಂದು ಎದ್ದರು. “ಮಗೂಗೆ ಎರೆಯಾಕೆ ಬರ್ಲಿಲ್ಲ ಅಂತ ಬೇಜಾರು ಮಾಡ್ಕಬ್ಯಾಡ್ರಿ. ಬೂದಿ ಹಾಕಿ ಎಷ್ಟು ಉಜ್ಜಿದ್ರೂ ಕೈಯಾಗಿಂದ ವಾಸ್ನೆ ಹೋಗ್ಲಿಲ್ಲ. ಈ ಕೈಲಿ ಕೂಸು ಮುಟ್ಟಾಕಿಲ್ಲ ನಾನು.”

ಆ ಮಾತು ನನ್ನನ್ನು ಕೊಂದೇಬಿಟ್ಟಿತು. ಪುಡಿ ಕೊಟ್ಟ ನಾನು ನನ್ನ ಮಗುವಿನ ಬಗ್ಗೆ ಯೋಚಿಸಿರಲಿಲ್ಲ, ಅಕ್ಷರ ಬಾರದ ಅವರು ಯೋಚಿಸಿದ್ದರು. ತಪ್ಪು ಅವರ ತಲೆಗೇ ಕಟ್ಟಿ ಸುಮ್ಮನಾಗಿಬಿಡಲು ಅವಕಾಶವೂ ಇತ್ತು. ಎಣ್ಣೆ ಕಲಸಲು ನಾನು ಹೇಳಿರಲಿಲ್ಲವಲ್ಲ.

“ದೊಡ್ಡಮ್ಮ, ತಪ್ಪು ನಿಮ್ಮದಲ್ಲ” ಎಂದೆ. “ಆ ಪುಡೀನ ಬೆಕ್ಕಿಗೆ ಕೊಡಲೇಬಾರದಿತ್ತು. ಒಣ ಪುಡಿ ಹಚ್ಚಿದ್ದರೂ ನೆಕ್ಕಿ ವಿಷ ಏರ್ತಿತ್ತು. ನನಗೆ ಗೊತ್ತಿರಬೇಕಾಗಿತ್ತು, ಗೊತ್ತಿರಲಿಲ್ಲ. ನೀವು ಕೇಳಿದಾಗ ಗೊತ್ತಿಲ್ಲ ಅನ್ನೋಕೆ ನಾಚಿಕೆಯಾಯ್ತು.”

ಅವರು ನನ್ನ ಮುಖವನ್ನೇ ನೋಡಿದರು. ಬೈಯುತ್ತಾರೆ ಎಂದುಕೊಂಡೆ. ಬೈಯಲಿಲ್ಲ.

“ಈಗೇನ್ ಮಾಡನ, ಅದು ಹೇಳ್ರೀ.”

“ಎಣ್ಣೆ ತೆಗೀಬೇಕು. ನನಗೆ ಎತ್ತು ತೊಳೆಯೋದು ಗೊತ್ತು, ಇದು ಗೊತ್ತಿಲ್ಲ. ಎರೆಯೋರು ನೀವು. ನೀವು ಎರೀರಿ, ನಾನು ನೀರು ಹಾಕ್ತೀನಿ.”

“ಬೆಕ್ಕಿಗೆ ಎರೆಯಾದಾ?” ಎಂದರು. “ಕೂಸಿನ ಮೈಯಾಗಿಂದ ಎಣ್ಣೆ ತೆಗೆಯಾದು ಕಡ್ಲೆಹಿಟ್ಟು. ಸೀಗೇಕಾಯಿ ಬ್ಯಾಡ, ಕಣ್ಣು ಉರೀತೈತೆ. ಹೋಗಿ ಹಿಟ್ಟು ತಗಂಡು ಬರ್ರಿ. ನಾನು ಒಲೆ ಹಚ್ಚಿರ್ತೀನಿ.”

ಆಸ್ಪತ್ರೆಯ ಬಾಗಿಲೆಳೆದುಕೊಂಡು ಮನೆಗೆ ಓಡಿದೆ. ಅತ್ತೆ ನನ್ನ ಕೈಯ ರಕ್ತ ನೋಡಿ ಹೌಹಾರಿದರು. ನಿಂತ ನಿಲುವಿನಲ್ಲಿ ನಡೆದದ್ದೆಲ್ಲ ಹೇಳಿದೆ, ಪುಡಿ ಕೊಟ್ಟವನು ನಾನೆಂಬುದನ್ನೂ. ಅತ್ತೆ ಒಳಗೆ ಹೋದರು. ಮಗುವಿಗೆಂದು ಜರಡಿ ಹಿಡಿದಿಟ್ಟಿದ್ದ ಕಡಲೆಹಿಟ್ಟಿನ ಡಬ್ಬ, ಮಗುವಿನ ಸೋಪು, ಮೂರು ಹಳೇ ಪಂಚೆ ತಂದು ಕೈಗಿಟ್ಟರು.

“ಬಿಟ್ಟು ಬನ್ನಿ ಅಂದಿದ್ದು ನಿಜ. ಸಾಯಿಸಿ ಅಂದಿರಲಿಲ್ಲಪ್ಪಾ ನಾನು” ಎಂದರು. ಅವರ ದನಿ ಸಣ್ಣದಾಗಿತ್ತು.

ದೊಡ್ಡಮ್ಮನ ಬಚ್ಚಲಲ್ಲಿ ಎಲ್ಲವೂ ಸಿದ್ಧವಾಗಿತ್ತು. ಬಾಗಿಲು ಅರ್ಧ ಮುಚ್ಚಿ ಬೆಳಕು ಕಡಿಮೆ ಮಾಡಿದ್ದರು. ಹಂಡೆಯ ನೀರನ್ನು ತಣ್ಣೀರಿನ ಜೊತೆ ಮೊದಲೇ ಬೆರೆಸಿ, ಮೂರು ಮಣ್ಣಿನ ಗಡಿಗೆಯಲ್ಲಿ ತುಂಬಿಸಿಟ್ಟಿದ್ದರು. ತಗಡಿನ ಪಾತ್ರೆ ಒಂದೂ ಇರಲಿಲ್ಲ, ಸದ್ದಾಗಬಾರದಲ್ಲ. ಮೊಣಕೈ ಅದ್ದಿ ನೋಡಿದರು. ನಾನೂ ಅದ್ದಿದೆ. ಬಿಸಿ ನೀರಾದರೆ ಚರ್ಮಕ್ಕೆ ರಕ್ತ ಏರಿ ವಿಷ ಇನ್ನಷ್ಟು ಎಳೆದುಕೊಳ್ಳುತ್ತದೆಂದು ನಾನು ಹೇಳಿದೆ. ಉಗುರುಬೆಚ್ಚಗಿದ್ದರೆ ಸಾಕೆಂದು ಇನ್ನೂ ಒಂದು ಚೊಂಬು ತಣ್ಣೀರು ಸೇರಿಸಿದರು. ಇಬ್ಬರೂ ಕೈಗೆ ನಾನು ಹೊರಡುವಾಗ ಜೇಬಿಗೆ ಹಾಕಿಕೊಂಡಿದ್ದ ಆಸ್ಪತ್ರೆಯ ರಬ್ಬರ್ ಗ್ಲೌಸು ಹಾಕಿಕೊಂಡೆವು. ಅವರಿಗೆ ಅದು ದೊಡ್ಡದಾಗಿ ಬೆರಳ ತುದಿಗಳು ಜೋತುಬಿದ್ದವು.

“ಇದೇನ್ರೀ ಇದು, ಕೋಡಂಗಿ ವೇಷ” ಎಂದರು. ಅವತ್ತು ಮೊದಲ ಸಲ ಅವರ ಬಾಯಲ್ಲಿ ಅವರ ಎಂದಿನ ಮಾತು ಬಂದದ್ದು.

ಮೊದಲು ನೀರೇ ಮುಟ್ಟಿಸಲಿಲ್ಲ. ಕಿವಿಗೆ ಸಣ್ಣ ಹತ್ತಿಯುಂಡೆ ಇಟ್ಟೆವು, ತೀರಾ ಒಳಗಲ್ಲ. ಒಣ ಕಡಲೆಹಿಟ್ಟನ್ನು ಕುತ್ತಿಗೆಯಿಂದ ಬಾಲದವರೆಗೆ ಉದುರಿಸಿ, ಎಣ್ಣೆ ಹೀರುವವರೆಗೆ ಬಿಟ್ಟು, ಪಂಚೆಯ ತುಂಡಿನಲ್ಲಿ ಕೂದಲು ಬಾಗಿದ ಕಡೆಗೇ ಒರೆಸಿ ತೆಗೆದೆವು. ಹಿಟ್ಟು ಮುದ್ದೆಮುದ್ದೆಯಾಗಿ ಹಳದಿಯಾಗಿ ಬಂತು. ಆ ಬಟ್ಟೆಯನ್ನು ಬಿಸಾಡಿ ಇನ್ನೊಂದು ತುಂಡು ತೆಗೆದುಕೊಂಡು, ಮತ್ತೆ ಹಿಟ್ಟು. ಮೂರನೆಯ ಸಲಕ್ಕೆ ಹಿಟ್ಟು ಪುಡಿಯಾಗಿಯೇ ಉದುರಿತು. ಗಿಡ್ಡ ಕೂದಲಿನಿಂದಾಗಿ ಎಣ್ಣೆ ಸೀದಾ ಚರ್ಮ ಮುಟ್ಟಿದ್ದು ಹೌದು, ಆದರೆ ನಮ್ಮ ಬಟ್ಟೆಯೂ ಸೀದಾ ಚರ್ಮ ಮುಟ್ಟುತ್ತಿತ್ತು. ಅಷ್ಟರಮಟ್ಟಿಗೆ ಅದೃಷ್ಟ ನಮ್ಮ ಕಡೆಗಿತ್ತು.

ಆಮೇಲೆ ದೊಡ್ಡಮ್ಮ ಮಣೆಯ ಮೇಲೆ ಕೂತು, ಎರಡು ಕಾಲೂ ಮುಂದಕ್ಕೆ ಚಾಚಿ, ಕಾಲ ಮೇಲೆ ದಪ್ಪ ಗೋಣಿತಾಟು ಹಾಸಿಕೊಂಡರು. ಕೂಸನ್ನು ಬೋರಲು ಮಲಗಿಸುವ ಹಾಗೆಯೇ ಕೆಂಚಿಯನ್ನು ಅದರ ಮೇಲೆ ಮಲಗಿಸಿದರು. ನಾಲ್ಕು ಕಾಲಿನ ಉಗುರೂ ತಾಟಿಗೆ ಕಚ್ಚಿಕೊಂಡವು. ಆಗ ನನಗೆ ತಿಳಿಯಿತು, ತೊಟ್ಟಿಯಲ್ಲಿ, ಜೋಲುವ ಚೀಲದೊಳಗೆ ಅದು ಹೆದರಿದ್ದು ನಲ್ಲಿಯ ಸದ್ದಿಗಷ್ಟೇ ಅಲ್ಲ, ಕಾಲೂರಲು ಜಾಗವಿಲ್ಲದ್ದಕ್ಕೂ. ಇಲ್ಲಿ ಹಿಡಿಯಲು ಏನೋ ಸಿಕ್ಕಿತ್ತು, ಹಿಡಿದು ಸುಮ್ಮನಾಯಿತು.

ನಾನು ಚೊಂಬು ಎತ್ತಿ ಬೆನ್ನಿನ ಮೇಲೆ ಸುರಿಯಹೋದೆ.

“ಅಯ್ಯೋ, ಅದ್ರ ಮೇಲೆ ಹುಯ್ಯಬ್ಯಾಡ್ರೀ! ನನ್ ಕೈ ಮೇಲೆ ಹುಯ್ರಿ. ನೀರು ಕೈ ಮೇಲಿಂದ ಇಳಿದು ಅದನ್ನ ಮುಟ್ಟಬೇಕು. ಕೂಸಿಗೂ ಹಂಗೇ.”

ಹಾಗೇ ಮಾಡಿದೆ. ಅವರ ಅಂಗೈ ಬೆನ್ನಿನ ಮೇಲೆ ಸರಿಯುತ್ತಾ ಹೋದಂತೆ ನನ್ನ ಚೊಂಬು ಅದರ ಹಿಂದೆಯೇ ಸಾಗುತ್ತಿತ್ತು. ಸೋಪನ್ನು ಕೈಯಲ್ಲಿ ನೊರೆ ಮಾಡಿ, ಮೊದಲು ಕುತ್ತಿಗೆಯ ಸುತ್ತ ಒಂದು ಬಳೆಯಂತೆ ಹಚ್ಚಿದರು. ಅದು ನನ್ನ ಸಲಹೆ. ಮೈಗೆ ನೀರು ಬಿದ್ದರೆ ಉಳಿದ ಚಿಗಟಗಳೆಲ್ಲ ಮುಖದ ಕಡೆ ಓಡುತ್ತವೆ, ಕುತ್ತಿಗೆಯಲ್ಲಿ ನೊರೆಯಿದ್ದರೆ ಅಲ್ಲೇ ಸಿಕ್ಕಿಬೀಳುತ್ತವೆ. ಬೆನ್ನು, ಹೊಟ್ಟೆ, ಕಂಕುಳು, ಬಾಲದ ಬುಡ. ಪಾದದ ಬೆರಳ ಸಂದಿಗಳನ್ನು ಒಂದೊಂದಾಗಿ ಬಿಡಿಸಿ ತೊಳೆದರು, ನೆಕ್ಕುವಾಗ ಮೊದಲು ಬಾಯಿಗೆ ಹೋಗುವುದು ಅದೇ. ಮುಖಕ್ಕೆ ನೀರು ಹಾಕಲಿಲ್ಲ, ಹಿಂಡಿದ ಬಟ್ಟೆಯಲ್ಲಿ ಒರೆಸಿದರು. ಅಷ್ಟು ಹೊತ್ತೂ ಅವರ ಬಾಯಲ್ಲಿ ಉಸಿರಿನಷ್ಟೇ ಸಣ್ಣಗೆ, “ಆಯ್ತು ಕಣೇ, ಆಯ್ತು, ಆಯ್ತು” ಎಂಬುದೊಂದೇ ಮಾತು.

ಎರಡನೆಯ ಸಲ ಸೋಪು ಹಚ್ಚಿ ತೊಳೆಯುತ್ತಿದ್ದಾಗ ಬೀದಿಯಲ್ಲಿ ಒಂದು ಲಾರಿ ಹಾರನ್ ಹೊಡೆಯಿತು. ಕೆಂಚಿ ಬಿಲ್ಲಿನ ಹಾಗೆ ಹಿಂದಕ್ಕೆ ಬಾಗಿ ಸೆಟೆದುಕೊಂಡಿತು. ಕಣ್ಣು ಮೇಲೆ ಸಿಕ್ಕಿತು.

“ಹೋಯ್ತೇನ್ರೀ? ಹೋಯ್ತಾ?”

“ಹಿಡೀಬೇಡಿ, ಬಿಗಿಯಾಗಿ ಹಿಡೀಬೇಡಿ. ತಲೆ ಕೆಳಗೆ ಬೀಳದ ಹಾಗೆ ನೋಡ್ಕೊಳ್ಳಿ ಸಾಕು” ಎಂದೆ. ಅದೊಂದು ಮಾತ್ರ ನನಗೆ ಸರಿಯಾಗಿ ಗೊತ್ತಿತ್ತು. ದೊಡ್ಡಮ್ಮನ ಕೆನ್ನೆಯ ಮೇಲೆ ಕಣ್ಣೀರು ಇಳಿಯುತ್ತಿತ್ತು, ಒರೆಸಿಕೊಳ್ಳಲು ಕೈ ಬಿಡುವಿರಲಿಲ್ಲ. ಎಷ್ಟು ಹೊತ್ತೋ, ನನಗಂತೂ ಬಹಳವೆನಿಸಿತು. ಆಮೇಲೆ ಮೈ ಸಡಿಲವಾಯಿತು. ಪಕ್ಕೆ ಮೇಲೆ ಕೆಳಗೆ ಆಡುತ್ತಿತ್ತು. ಸೋಪು ಮೈಮೇಲೇ ಉಳಿದಿತ್ತು, ಅದನ್ನು ಹಾಗೇ ಬಿಡುವಂತಿರಲಿಲ್ಲ. ನಾನು ತಲೆಯಾಡಿಸಿದೆ, ಅವರು ಕೈ ಚಾಚಿದರು, ಮತ್ತೆ ನೀರು ಹುಯ್ದೆ. ಬೆರಳಲ್ಲಿ ಕೂದಲು ತೀಡಿದರೆ ಕಿರ್ ಎನ್ನುವವರೆಗೆ, ನಾಲ್ಕು ಸಲ.

ಮೈ ಉಜ್ಜಲಿಲ್ಲ, ಒಣ ಪಂಚೆಯಲ್ಲಿ ಒತ್ತಿ ಒತ್ತಿ ನೀರು ತೆಗೆದೆವು. ಇನ್ನೊಂದು ಪಂಚೆಯಲ್ಲಿ ಸುತ್ತಿ, ತಲೆಯೊಂದನ್ನೇ ಹೊರಗಿಟ್ಟು, ಒಲೆಗೆ ಹತ್ತಿರವೂ ಅಲ್ಲ ದೂರವೂ ಅಲ್ಲದ ಕಡೆ ಬಿದಿರು ಬುಟ್ಟಿಯಲ್ಲಿ ಮಲಗಿಸಿದೆವು. ಸುತ್ತಿದ್ದರೆ ನೆಕ್ಕಿಕೊಳ್ಳಲೂ ಆಗದು. ದೊಡ್ಡಮ್ಮ ಹಾಲು ಕಾಯಿಸಲು ಎದ್ದರು. ಹಾಲಲ್ಲಿ ಕೊಬ್ಬಿದೆ, ಇವತ್ತು ಬೇಡ ಎಂದು ತಡೆದೆ. ನುಂಗುವಂತಾಗುವವರೆಗೆ ನೀರನ್ನೂ ಬಾಯಿಗೆ ಬಿಡಬಾರದು. ಅವರು ಹೋಗಿ ಬೀದಿಯ ಬಾಯಲ್ಲಿ ನಿಂತು, ಸದ್ದು ಮಾಡಬೇಡಿರೆಂದು ಎಲ್ಲರಿಗೂ ಹೇಳಿದರು. ಎದುರುಮನೆಯವರು ಒರಳಲ್ಲಿ ಏನೋ ಕುಟ್ಟುತ್ತಿದ್ದರು, ಅದು ನಿಂತಿತು. ಆ ಮಧ್ಯಾಹ್ನ ಆ ಬೀದಿಯಲ್ಲಿ ಯಾರೂ ಗಟ್ಟಿಯಾಗಿ ಮಾತಾಡಲಿಲ್ಲ.

ನಾನು ಆಸ್ಪತ್ರೆಗೂ ಆ ಮನೆಗೂ ನಾಲ್ಕು ಬಾರಿ ಓಡಾಡಿದೆ. ಎರಡು ಗಂಟೆಗೆ ಕಿವಿ ಮಾತ್ರ ಅದುರುತ್ತಿತ್ತು. ನಾಲ್ಕಕ್ಕೆ ಜೊಲ್ಲು ನಿಂತಿತ್ತು. ಐದೂವರೆಗೆ ಹೋದಾಗ ಬುಟ್ಟಿಯಲ್ಲಿ ಪಂಚೆ ಮಾತ್ರ ಇತ್ತು. ದೊಡ್ಡಮ್ಮ ಗೋಡೆಯ ಕಡೆ ಬೆರಳು ತೋರಿಸಿದರು. ಕೆಂಚಿ ತೂರಾಡುತ್ತಾ ನೀರಿನ ಬಟ್ಟಲಿನ ಮುಂದೆ ನಿಂತು, ನಾಲಿಗೆ ಚಾಚಿ ಕುಡಿಯುತ್ತಿತ್ತು. ನನ್ನನ್ನು ನೋಡಿದ ಕೂಡಲೇ ಬಟ್ಟಲು ಬಿಟ್ಟು ಮೂಲೆ ಸೇರಿತು.

“ನಿಮ್ ಗುರ್ತು ಹಿಡೀತು ಕಣ್ರೀ ಕಾಂಪೌಂಡ್ರೇ. ಇನ್ನು ಬದುಕ್ತು ಬಿಡ್ರಿ” ಎಂದು ದೊಡ್ಡಮ್ಮ ನಕ್ಕರು. ನನಗೆ ನಗು ಬರಲಿಲ್ಲ, ಅಳು ಬಂತು. ಬರಲಿ ಎಂದು ಬಿಟ್ಟೆ.

ಸಂಜೆ ಬಸ್ಸಿಳಿದ ಡಾಕ್ಟರಿಗೆ ಎಲ್ಲವನ್ನೂ ಒಪ್ಪಿಸಿದೆ. ಬೆಕ್ಕನ್ನು ನೋಡಿ ಬಂದು ನನಗೆ ಚೆನ್ನಾಗಿ ಉಗಿದರು. ಕಾರ್ಬಾಲಿಕ್ ಸೋಪಿನ ಮಾತು ಬಂದಾಗಲಂತೂ ಹಣೆ ಚಚ್ಚಿಕೊಂಡರು. “ಅದೂ ಬೆಕ್ಕಿಗೆ ವಿಷವೇ ಕಣಯ್ಯ! ನಿನ್ನ ಪರಚಿ ಓಡಿತಲ್ಲ, ಅದಕ್ಕೇ ಉಳೀತು. ನಿನಗಿಂತ ಅದಕ್ಕೇ ಬುದ್ಧಿ ಜಾಸ್ತಿ.” ಕಡಲೆಹಿಟ್ಟು ಯಾರು ಹೇಳಿದ್ದು ಎಂದು ಕೇಳಿದರು. ಹೇಳಿದೆ. ಅವರು ಅದನ್ನು ತಮ್ಮ ಡೈರಿಯಲ್ಲಿ ಬರೆದುಕೊಂಡರು. ಅಂದಿನಿಂದ ಆ ಪುಡಿಯ ಪ್ರತಿ ಪೊಟ್ಟಣದ ಮೇಲೂ ನಾನೇ ಕೆಂಪು ಶಾಯಿಯಲ್ಲಿ ಬರೆದೆ: ದನಕ್ಕೆ ಮಾತ್ರ. ಬೆಕ್ಕಿಗೆ ಬೇಡ. ಎಣ್ಣೆ ಬೇಡ. ಓದಲು ಬಾರದವರಿಗೆ ಬಾಯಲ್ಲೂ ಹೇಳುತ್ತಿದ್ದೆ, ಅವರು ಕೇಳದಿದ್ದರೂ.

ದೊಡ್ಡಮ್ಮ ಮೂರು ದಿನ ಯಾವ ಮನೆಗೂ ಎರೆಯಲು ಹೋಗಲಿಲ್ಲ. ನಾಲ್ಕನೆಯ ಬೆಳಿಗ್ಗೆ ನಮ್ಮ ಹಿತ್ತಲ ಬಾಗಿಲಿಗೆ ಬಂದು, ಒಳಗೆ ಕಾಲಿಡದೆ, ಎರಡೂ ಅಂಗೈಯನ್ನು ಅತ್ತೆಯ ಮುಂದೆ ಚಾಚಿದರು.

“ಮೂಸಿ ನೋಡವ್ವ. ವಾಸ್ನೆ ಇದ್ರೆ ಹೇಳು, ಇನ್ನೂ ನಾಕ್ ದಿನ ಬಿಟ್ಟು ಬತ್ತೀನಿ.”

ಅತ್ತೆ ಆ ಕೈಗಳನ್ನು ಮೂಸಲಿಲ್ಲ. ಹಿಡಿದು ಒಳಗೆ ಕರೆದುಕೊಂಡರು. “ಬೆಕ್ಕು ಏನು ತಿಂತಿದೆ?” ಎಂದು ಕೇಳಿದರು. “ಸಿಕ್ಕಿದ್ದೆಲ್ಲ ತಿಂತೈತೆ” ಎಂದರು ದೊಡ್ಡಮ್ಮ. “ಒಳ್ಳೇದಾಯ್ತು” ಎಂದು ಅತ್ತೆ ಮಗುವನ್ನು ತಂದು ಅವರ ಕೈಗೆ ಕೊಟ್ಟರು.

ನಾನು ಆಸ್ಪತ್ರೆಗೆ ಹೊರಟಿದ್ದೆ. ಬಚ್ಚಲೊಳಗಿಂದ ಕೂಗು ಬಂತು.

“ಕಾಂಪೌಂಡ್ರೇ, ಎಲ್ಲಿಗೆ ಹೊಂಟ್ರಿ? ಬರ್ರಿ ಇಲ್ಲಿ, ಚೊಂಬು ಹಿಡೀರಿ. ನಿಮ್ಗೆ ಕಲಿಸಿದೀನಲ್ಲ.”

ಆ ಊರಿನಲ್ಲಿ ಮಗುವಿಗೆ ಎರೆಯುವಾಗ ಗಂಡಸರು ಬಚ್ಚಲಿಗೆ ಹೋಗುತ್ತಿರಲಿಲ್ಲ. ಅತ್ತೆಯ ಮುಖ ನೋಡಿದೆ, ಅವರು ಬೇಡವೆನ್ನಲಿಲ್ಲ. ಚಪ್ಪಲಿ ಬಿಟ್ಟು, ಪ್ಯಾಂಟು ಮಡಚಿ ಒಳಗೆ ಹೋದೆ. ಚಾಚಿದ ಆ ಕಾಲುಗಳ ಮೇಲೆ ನನ್ನ ಮಗಳು ಬೋರಲು ಮಲಗಿದ್ದಳು. ಬೆನ್ನಿನ ಮೇಲೆ ದೊಡ್ಡಮ್ಮನ ಅಂಗೈ ಇತ್ತು. ಮೊಣಕೈ ಅದ್ದಿ ನೀರು ನೋಡಿದೆ. ಚೊಂಬು ತುಂಬಿಕೊಂಡೆ. ಯಾರೂ ಹೇಳದೆಯೇ ಆ ಕೈಯ ಮೇಲೆ ಹುಯ್ದೆ.